ನೇಸರ ಕಡತವನ್ನು ಬೀರುವಿನಿಂದ ಹೊರಗೆ ತೆಗೆಯಿರಿ

ಚಿಕ್ಕಮಗಳೂರಿನ ಶಾಲಾ ಆಡಳಿತ ಮಂಡಳಿಗಳಿಗೆ, ಮುಖ್ಯ ಶಿಕ್ಷಕರಿಗೆ ಮತ್ತು ಪೋಷಕರಿಗೆ ಒಂದು ಬಹಿರಂಗ ಪತ್ರ

ಮಾನ್ಯರೇ,

ನಮ್ಮ ಊರಿನ ಒಂದು ಶಾಲೆಯ ಕಬ್ಬಿಣದ ಬೀರುವಿನಲ್ಲಿ ಮಕ್ಕಳು ಬರೆದ ಪುಸ್ತಕವೊಂದು ಬೀಗದೊಳಗೆ ಬಿದ್ದಿದೆ. ಅದರ ಹೆಸರು ‘ನೇಸರ ಕಡತ’. ಬರೆದವರು ಎಂಟು, ಒಂಬತ್ತನೇ ತರಗತಿಯ ಮಕ್ಕಳು. ಶಾಲೆಯ ವಸ್ತು ಪ್ರದರ್ಶನದ ದಿನ ಬೆಳಿಗ್ಗೆ ಅದನ್ನು ಮೇಜಿನ ಮೇಲೆ ಇಟ್ಟಿದ್ದರು. ಮಧ್ಯಾಹ್ನದ ಹೊತ್ತಿಗೆ ಎತ್ತಿಸಿದರು. ‘ಇದರಲ್ಲಿ ಮಾಟ ಮಂತ್ರ ಇದೆ’ ಎಂದು ಕೆಲವು ಪೋಷಕರು ದೂರಿದರಂತೆ. ‘ಸೂರ್ಯದೇವರನ್ನು ಆಟದ ಸಾಮಾನು ಮಾಡಿದ್ದಾರೆ’ ಎಂದು ಇನ್ನು ಕೆಲವರು ಬೇಜಾರು ಮಾಡಿಕೊಂಡರಂತೆ. ಆ ಶಾಲೆಯ ಹೆಸರು ಇಲ್ಲಿ ಬೇಡ. ಯಾವ ಶಾಲೆಯಲ್ಲಾದರೂ ಇದೇ ಆಗಬಹುದಿತ್ತು. ಅದಕ್ಕೇ ಎಲ್ಲರಿಗೂ ಸೇರಿಸಿ ಬರೆಯುತ್ತಿದ್ದೇನೆ.

ನಾನು ಪಿಯು ಕಾಲೇಜಿನಲ್ಲಿ ಭೌತಶಾಸ್ತ್ರ ಹೇಳಿಕೊಟ್ಟು ನಿವೃತ್ತನಾದವನು. ಭಾನುವಾರ ಬೆಳಿಗ್ಗೆ ನಮ್ಮ ಬೀದಿಯ ಮಕ್ಕಳು ಮನೆಯ ಜಗಲಿಗೆ ಬರುತ್ತಾರೆ. ಕಥೆ ಓದುತ್ತೇವೆ, ಜಗಳ ಆಡುತ್ತೇವೆ, ಏನಾದರೂ ಮಾಡುತ್ತೇವೆ. ಕಡತ ಹುಟ್ಟಿದ್ದು ಅಲ್ಲೇ. ಬರೆದದ್ದೆಲ್ಲ ಮಕ್ಕಳೇ. ನಾನು ಪ್ರಶ್ನೆ ಕೇಳುತ್ತಿದ್ದೆ, ಅಷ್ಟೆ. ಅದನ್ನು ಮೊದಲಿಂದ ಕೊನೆಯವರೆಗೆ ಓದಿದ ದೊಡ್ಡವರು ಯಾರೂ ದೂರು ಕೊಟ್ಟವರಲ್ಲಿ ಇಲ್ಲ. ಹಾಗಾಗಿ ಅದರಲ್ಲಿ ಏನಿದೆ ಎಂದು ಹೇಳುವುದು ನನ್ನ ಕೆಲಸ ಅಂದುಕೊಂಡಿದ್ದೇನೆ.

ಮೊದಲು ಕಥೆ ಹೇಳಿಬಿಡುತ್ತೇನೆ.

ಅದು ಮಕ್ಕಳೇ ಕಟ್ಟಿದ ಲೋಕ. ನಕ್ಷೆಯಲ್ಲಿ ಎಲ್ಲೂ ಇಲ್ಲ. ನಡುವೆ ಒಂದು ಗಿರಿ ಸಾಲು. ಪಡುವಣಕ್ಕೆ ತೊಯ್ನಾಡು, ಮೂಡಣಕ್ಕೆ ಕಾಯ್ನಾಡು. ತೊಯ್ನಾಡಿನಲ್ಲಿ ಬಿಸಿಲೇ ಇಲ್ಲ. ಕಾಯ್ನಾಡಿನಲ್ಲಿ ಬಿಸಿಲು ಬಿಟ್ಟರೆ ಬೇರೇನೂ ಇಲ್ಲ. ನಮ್ಮ ಜಿಲ್ಲೆಯವರಿಗೆ ಇದು ಎಲ್ಲಿಂದ ಬಂತು ಎಂದು ಬಿಡಿಸಿ ಹೇಳಬೇಕಾಗಿಲ್ಲ ಅಲ್ವಾ? ಆ ಮಕ್ಕಳಲ್ಲಿ ಒಬ್ಬಳ ಅಜ್ಜಿ ಮನೆ ಕೊಪ್ಪದ ಕಡೆ. ಜೂನ್ ಶುರುವಾದರೆ ಅಲ್ಲಿ ಬಟ್ಟೆ ಒಣಗುವುದು ಒಲೆ ಮೇಲಿನ ಅಟ್ಟದಲ್ಲಿ. ಇನ್ನೊಬ್ಬನ ಅಪ್ಪನ ಊರು ಕಡೂರಿನ ಆಚೆ. ಅಲ್ಲಿ ಕೆರೆ ತುಂಬಿದ ವರ್ಷವನ್ನು ಜನ ನೆನಪಿಟ್ಟುಕೊಂಡು ಹೇಳುತ್ತಾರೆ. ಒಂದೇ ಜಿಲ್ಲೆ, ಎರಡು ಆಕಾಶ. ಇಬ್ಬರೂ ಒಂದೇ ಜಗಲಿಯಲ್ಲಿ ಕೂತಾಗ ‘ನಿಮ್ಮೂರ ಬಿಸಿಲು ಸ್ವಲ್ಪ ನಮ್ಮೂರಿಗೆ ಕೊಟ್ಟಿದ್ರೆ’ ಎಂಬ ಮಾತು ಬಂತು. ಕಥೆ ಬೆಳೆದದ್ದು ಆ ಮಾತಿನಿಂದ.

ಆ ಲೋಕದಲ್ಲಿ ಸಾವಿರಾರು ವರ್ಷ ಹಿಂದೆ ಒಬ್ಬ ಅಜ್ಜಿ ಇದ್ದಳು. ಎಲ್ಲರೂ ಬಿಸಿಲಜ್ಜಿ ಎನ್ನುತ್ತಿದ್ದರು. ಬಿಸಿಲನ್ನು ಕಣದಲ್ಲಿ ಹಿಡಿದು ಇನ್ನೊಂದು ಕಡೆಗೆ ಸಾಗಿಸುವ ವಿದ್ಯೆ ಅವಳಿಗೆ ಸಿಕ್ಕಿತು. ಅದನ್ನು ಅವಳು ಬರೆದಿಟ್ಟದ್ದೇ ನೇಸರ ಕಡತ. ಅದರಲ್ಲಿ ನಾಲ್ಕೇ ಮಂತ್ರ. ಹರವು. ತಿರುವು. ರಾಶಿ ಮಾಡು. ಮುಚ್ಚು.

ದೂರು ಕೊಟ್ಟವರಿಗೆ ಹೆದರಿಕೆ ಹುಟ್ಟಿಸಿದ ಮಂತ್ರಗಳು ಇವೇ. ಕಾಫಿ ಸೀಮೆಯ ಯಾರಾದರೂ ಒಮ್ಮೆ ಓದಿದ್ದರೆ ಗೊತ್ತಾಗುತ್ತಿತ್ತು. ಡಿಸೆಂಬರ್, ಜನವರಿಯಲ್ಲಿ ಹಣ್ಣು ಕೊಯ್ದು ತಂದು ಕಣದಲ್ಲಿ ಹರವುತ್ತಾರೆ. ಬಿಸಿಲು ಏರಿದ ಹಾಗೆ ಆಗಾಗ ತಿರುವಿ ಹಾಕುತ್ತಾರೆ. ಸಂಜೆ ರಾಶಿ ಮಾಡುತ್ತಾರೆ. ರಾತ್ರಿಯ ಮಂಜು ಬೀಳಬಾರದು ಅಂತ ಟಾರ್ಪಾಲು ಮುಚ್ಚುತ್ತಾರೆ. ಕಾಯಿ ಸರಿಯಾಗಿ ಒಣಗಿದರೆ ಮುಷ್ಟಿಯಲ್ಲಿ ಹಿಡಿದು ಅಲ್ಲಾಡಿಸಿದಾಗ ಗಲಗಲ ಅನ್ನುತ್ತದೆ. ಕಡತದಲ್ಲೂ ಹಾಗೆಯೇ: ಬಿಸಿಲು ಹದವಾಗಿ ಕೂಡಿದೆಯೋ ಇಲ್ಲವೋ ಎಂದು ಬಿಸಿಲಜ್ಜಿ ಅಂಗೈ ಮುಚ್ಚಿ ಕಿವಿಯ ಹತ್ತಿರ ಅಲ್ಲಾಡಿಸಿ ನೋಡುತ್ತಾಳೆ. ಈ ಸಾಲನ್ನು ಬರೆದ ಹುಡುಗಿಯ ಅಮ್ಮ ಒಂದು ಎಸ್ಟೇಟಿನ ಕಣದಲ್ಲಿ ಕೆಲಸ ಮಾಡುತ್ತಾರೆ. ಅಮ್ಮ ದಿನಾ ಮಾಡುವ ಕೆಲಸ ಮಗಳ ಕಣ್ಣಿಗೆ ಮಂತ್ರವಿದ್ಯೆಯಾಗಿ ಕಂಡಿದೆ. ನನಗೆ ಇಡೀ ಕಡತದಲ್ಲಿ ಇದಕ್ಕಿಂತ ದೊಡ್ಡ ವಿಷಯ ಇನ್ನೊಂದಿಲ್ಲ.

ಮಕ್ಕಳ ಮೊದಲ ಕರಡು ಹೀಗಿರಲಿಲ್ಲ. ಅದರಲ್ಲಿ ಮಂತ್ರದಂಡ ಇತ್ತು, ಉದ್ದನೆಯ ಟೋಪಿ ಇತ್ತು, ಕಲ್ಲಿನ ಕೋಟೆ, ಬೆಂಕಿ ಉಗುಳುವ ಪ್ರಾಣಿ ಎಲ್ಲ ಇತ್ತು. ಎಲ್ಲೋ ನೋಡಿದ್ದನ್ನು ಹಾಗೇ ಇಳಿಸಿದ್ದರು. ತಪ್ಪೇನಿಲ್ಲ, ಎಲ್ಲರೂ ಹಾಗೆಯೇ ಶುರು ಮಾಡುವುದು. ಆದರೆ ಬರಹ ಸಪ್ಪೆಯಾಗಿತ್ತು. ‘ನಿಮ್ಮ ಲೋಕದಲ್ಲಿ ಬಿಸಿಲು ಯಾರಿಗೆ ಬೇಕು, ಯಾಕೆ ಬೇಕು?’ ಎಂದು ಕೇಳಿದೆ. ಮುಂದಿನ ವಾರ ದಂಡ, ಟೋಪಿ ಎರಡೂ ಹೋಗಿದ್ದವು. ಅವುಗಳ ಜಾಗಕ್ಕೆ ಮೊರ ಬಂದಿತ್ತು.

ಮಾಟದ ಆರೋಪ ಮಾಡುವವರು ಕಡತದ ಮೊದಲ ಮಡಿಕೆಯನ್ನು ಓದಲೇಬೇಕು (ಮಡಚಿ ಇಡುವ ಪುಸ್ತಕ ಅದು, ಪುಟದ ಬದಲು ಮಡಿಕೆ). ಅಲ್ಲಿರುವುದು ಮೂರು ಸಾಲು: ‘ಬಿಸಿಲನ್ನು ಹುಟ್ಟಿಸುವ ಮಂತ್ರ ಇಲ್ಲ. ಇರುವ ಬಿಸಿಲನ್ನು ಕರೆಯಬಹುದು, ಕಳಿಸಬಹುದು. ಇಲ್ಲಿ ಬೆಳಗಾದರೆ ಅಲ್ಲಿ ಅಷ್ಟು ಕತ್ತಲಾಗುತ್ತದೆ.’ ಶಕ್ತಿಯನ್ನು ಸೃಷ್ಟಿಸಲೂ ಆಗದು, ನಾಶ ಮಾಡಲೂ ಆಗದು ಎಂದು ನಾನು ಕಾಲೇಜಿನಲ್ಲಿ ವರ್ಷಗಟ್ಟಲೆ ಬೋರ್ಡಿನ ಮೇಲೆ ಬರೆದಿದ್ದೇನೆ. ಮಕ್ಕಳು ಅದನ್ನು ಬರೆದುಕೊಂಡು ಪರೀಕ್ಷೆಯಲ್ಲಿ ಒಪ್ಪಿಸುತ್ತಿದ್ದರು. ಈ ಮಕ್ಕಳು ಅದರೊಳಗೆ ಒಂದು ಲೋಕವನ್ನೇ ಕಟ್ಟಿ, ಆ ನಿಯಮದಿಂದ ಯಾರಿಗೆ ಏನಾಗುತ್ತದೆ ಎಂದು ಕೊನೆಯವರೆಗೆ ಹೋಗಿ ನೋಡಿದ್ದಾರೆ.

ಏನಾಗುತ್ತದೆ ಅಂದರೆ, ಕಾಯ್ನಾಡಿನ ದೊರೆ ತನ್ನ ಸೀಮೆಯ ಬಿಸಿಲನ್ನೆಲ್ಲ ತೊಯ್ನಾಡಿಗೆ ಮಾರಿಬಿಡುತ್ತಾನೆ. ‘ಈ ಸುಡುವ ಬಿಸಿಲು ಯಾರಿಗೆ ಬೇಕು’ ಅಂತ. ಜನ ಮೊದಲು ಕುಣಿದಾಡುತ್ತಾರೆ. ಆಮೇಲೆ ರಾಗಿ ತೆನೆ ಕಟ್ಟುವುದಿಲ್ಲ. ಹುರುಳಿ ಕಣದಲ್ಲೇ ಬೂಷ್ಟು ಹಿಡಿಯುತ್ತದೆ. ಆ ಕಡೆ ತೊಯ್ನಾಡಿನಲ್ಲಿ ಹಳ್ಳ ಬತ್ತುತ್ತದೆ, ಕಪ್ಪೆ ಕೂಗುವುದು ನಿಲ್ಲುತ್ತದೆ, ನೆರಳಲ್ಲಿ ಬೆಳೆಯುವ ಗಿಡಗಳ ಎಲೆ ಸುಡುತ್ತದೆ. ಕಾಫಿ ಗಿಡಕ್ಕೂ ಮರದ ನೆರಳಿನಿಂದ ಸೋಸಿ ಬಂದ ಬೆಳಕೇ ಬೇಕು ಎಂದು ಗೊತ್ತಿರುವ ಮಕ್ಕಳು ಬರೆದದ್ದು ಇದು. ಎರಡೂ ನಾಡು ಹಾಳಾಗುತ್ತವೆ. ಯುದ್ಧ ಆಗುತ್ತದೆ. (ಯುದ್ಧದ ಭಾಗ ಸ್ವಲ್ಪ ಜಾಸ್ತಿಯೇ ಉದ್ದವಾಯಿತು. ಅರ್ಧ ಕಡಿಮೆ ಮಾಡಿ ಎಂದರೂ ಹುಡುಗರು ಒಪ್ಪಲಿಲ್ಲ.)

ಆಗ ಬಿಸಿಲಜ್ಜಿ ಲೆಕ್ಕ ಇಡಲು ಶುರು ಮಾಡುತ್ತಾಳೆ. ಐದನೇ ಮಡಿಕೆಯಿಂದ ಮುಂದೆ ಈ ಮಂತ್ರದ ಪುಸ್ತಕ ಲೆಕ್ಕದ ಪುಸ್ತಕವಾಗುತ್ತದೆ. ಬಿಸಿಲಿಗೆ ಅಳತೆ ಮೊರ. ಮೋಡಕ್ಕೆ ಅಳತೆ ಕೊಡ. ಒಂದು ಕಡೆ ಹೀಗಿದೆ: ‘ತೊಯ್ನಾಡಿನ ಬಾಣಂತಿ ಮನೆಗೆ ಕೊಟ್ಟದ್ದು ಒಂದು ಮೊರ ಬಿಸಿಲು, ಕೂಸಿನ ಬಟ್ಟೆ ಒಣಗಲು. ತಂದದ್ದು ಕಾಯ್ನಾಡಿನ ಬೀಳು ಹೊಲದಿಂದ. ತೀರಿಸಬೇಕಾದದ್ದು ಎರಡು ಕೊಡ ಮೋಡ, ಬಿತ್ತನೆಗೆ ಮೊದಲು.’ ಇನ್ನೊಂದು ಕಡೆ: ‘ದೊರೆ ಕೇಳಿದ್ದು ಅರಮನೆಯ ಅಂಗಳಕ್ಕೆ ನೂರು ಮೊರ. ಕೊಟ್ಟಿಲ್ಲ. ಕಾರಣ ಹೇಳಲಿಲ್ಲ.’ ಬಿಸಿಲು ತೆಗೆದುಕೊಂಡವರು ತಮ್ಮ ನೆರಳನ್ನು ಒತ್ತೆ ಇಡಬೇಕು. ಸಾಲ ತೀರಿಸದೆ ಮತ್ತೆ ಮತ್ತೆ ತೆಗೆದುಕೊಂಡವನಿಗೆ ಕೊನೆಗೆ ನೆರಳೇ ಉಳಿಯುವುದಿಲ್ಲ. ಅಂಥವನು ಆಲದ ಮರದ ಕೆಳಗೆ ನಿಂತರೂ ತಂಪಾಗುವುದಿಲ್ಲ.

ಹೇಳಿ, ಇದು ಮಾಟವೇ?

ಕಾನೂನಿನ ಮಾತೂ ಬಂತು ಎಂದು ಕೇಳಿದೆ. ವಾಮಾಚಾರ ತಡೆ ಕಾಯ್ದೆ ಎಂದು ನಾವು ಕರೆಯುವ ಕರ್ನಾಟಕದ ಕಾಯ್ದೆ 2017ರದ್ದು. ಜಾರಿಗೆ ಬಂದದ್ದು 2020ರ ಜನವರಿಯಲ್ಲಿ. ಅದು ಬಂದಾಗ ಖುಷಿಪಟ್ಟವರಲ್ಲಿ ನಾನೂ ಒಬ್ಬ. ಹಾವು ಕಚ್ಚಿದವರನ್ನು ಆಸ್ಪತ್ರೆಗೆ ಹೋಗದಂತೆ ತಡೆದು ಮಂತ್ರ ಹಾಕುವುದು, ನಿಧಿಯ ಆಸೆಗೆ ಅಮಾನವೀಯ ಕೆಲಸ ಮಾಡುವುದು, ಇಂಥವನ್ನು ಅದು ಅಪರಾಧ ಎನ್ನುತ್ತದೆ. ಜೀವಕ್ಕೆ, ಮಾನಕ್ಕೆ ಕುತ್ತು ತರುವುದನ್ನು ತಡೆಯಲು ಬಂದ ಕಾಯ್ದೆ ಅದು. ಕಥೆ ಬರೆಯುವ ಮಕ್ಕಳ ಮೇಲೆ ಅದನ್ನು ಎತ್ತಿ ತೋರಿಸಿದರೆ ಕಾಯ್ದೆಯ ಬೆಲೆಯೇ ಕಡಿಮೆಯಾಗುತ್ತದೆ. ಮಂತ್ರದಿಂದ ರೋಗ ವಾಸಿಯಾಗುತ್ತದೆ ಎಂದು ಯಾರಾದರೂ ಹೇಳಿದಾಗ ‘ಲೆಕ್ಕ ತೋರಿಸಿ’ ಎಂದು ಕೇಳುವ ಮಕ್ಕಳು ಇವರು. ಪುಕ್ಕಟೆ ಮಂತ್ರ ಯಾವುದೂ ಇಲ್ಲ ಎಂದು ಅವರೇ ಬರೆದಿದ್ದಾರೆ.

ಸೂರ್ಯದೇವರ ವಿಷಯ ಹಗುರವಾಗಿ ತೆಗೆದುಕೊಳ್ಳುವಂಥದ್ದಲ್ಲ. ನಮ್ಮ ಮನೆಯಲ್ಲೂ ರಥಸಪ್ತಮಿಯ ದಿನ ಎಕ್ಕದ ಎಲೆ ಇಟ್ಟುಕೊಂಡು ಸ್ನಾನ ಮಾಡುತ್ತೇವೆ. ಆ ಭಾವನೆಗೆ ನೋವಾಗಿದ್ದರೆ ಕೂತು ಮಾತಾಡಬೇಕು. ಆದರೆ ಕಡತದಲ್ಲಿ ಸೂರ್ಯದೇವರ ಪಾತ್ರವೇ ಇಲ್ಲ. ಅಲ್ಲಿರುವುದು ಬಿಸಿಲು. ಅದನ್ನು ಪೋಲು ಮಾಡಬಾರದು, ಕದಿಯಬಾರದು, ಹಂಚಿಕೊಳ್ಳಬೇಕು ಎಂಬ ಕಟ್ಟಳೆ. ಇದರಲ್ಲಿ ಅಗೌರವ ನನಗೆ ಕಾಣುತ್ತಿಲ್ಲ.

ಸೂರ್ಯನ ಸುತ್ತ ಕಲ್ಪನೆ ಕಟ್ಟಿದವರಲ್ಲಿ ಈ ಮಕ್ಕಳೇ ಮೊದಲಿಗರೂ ಅಲ್ಲ. ಹಳೇಬೀಡಿಗೆ ಹೋದಾಗ ಹೊಯ್ಸಳೇಶ್ವರ ದೇವಾಲಯದ ಎದುರಿನ ನಂದಿಯ ಹಿಂದೆ ಹೋಗಿ ನೋಡಿ. ಅಲ್ಲಿ ಸೂರ್ಯನ ಗುಡಿ ಇದೆ, ಆಳೆತ್ತರದ ಮೂರ್ತಿ ಇದೆ. ಎಷ್ಟೋ ಜನ ನಂದಿಯ ಫೋಟೊ ತೆಗೆದುಕೊಂಡು ವಾಪಸ್ ಬಂದುಬಿಡುತ್ತಾರೆ. ಶೃಂಗೇರಿಯಲ್ಲಿ 14ನೇ ಶತಮಾನದ ವಿದ್ಯಾಶಂಕರ ದೇವಾಲಯ ಇದೆ. ಅದರ ಮಂಟಪದಲ್ಲಿ 12 ರಾಶಿ ಕಂಬಗಳು. ಸೂರ್ಯ ಯಾವ ರಾಶಿಯಲ್ಲಿದ್ದಾನೋ ಆ ಕಂಬದ ಮೇಲೆ ಬೆಳಗಿನ ಬಿಸಿಲು ಬೀಳುವಂತೆ ಕಟ್ಟಿದ್ದಾರೆ ಎಂಬ ನಂಬಿಕೆ ಇದೆ. ಕಟ್ಟಿದವರ ಮನಸ್ಸನ್ನು ಯೋಚಿಸಿ. ಒಂದು ವರ್ಷದ ಬಿಸಿಲನ್ನು ಕಲ್ಲಿನ ಕಂಬಗಳ ಮೇಲೆ ಬರೆಯಲು ಹೊರಟವರು ಅವರು. ನಮ್ಮ ಮಕ್ಕಳು ಅದನ್ನು ಬಟ್ಟೆಯ ಮೇಲೆ ಬರೆದಿದ್ದಾರೆ.

ಬಟ್ಟೆ ಎಂದೆ. ಆ ಪುಸ್ತಕವನ್ನು ಮಕ್ಕಳು ಹೇಗೆ ಮಾಡಿದರು ಎಂದು ಕೇಳಿದರೆ ಅದನ್ನು ಬೀರುವಿನಲ್ಲಿ ತುರುಕಿದವರಿಗೂ ಕೈ ನಡುಗಬೇಕು. ಹಿಂದೆ ನಮ್ಮ ಕಡೆ ಲೆಕ್ಕ, ಪತ್ರ, ದಾಖಲೆ ಎಲ್ಲ ಕಡತದಲ್ಲಿ ಬರೆಯುತ್ತಿದ್ದರು. ಶೃಂಗೇರಿ ಮಠದ ಕಡತಗಳು ಇತಿಹಾಸ ಬರೆಯುವವರಿಗೆ ದೊಡ್ಡ ಆಸ್ತಿ. ಕಡತ ಅಂದರೆ ಹತ್ತಿ ಬಟ್ಟೆ. ಹುಣಸೆ ಬೀಜದ ಅಂಟಿಗೆ (‘ಸರಿ’ ಅನ್ನುತ್ತಾರೆ) ಇದ್ದಿಲ ಪುಡಿ ಕಲಸಿ ಅದರ ಎರಡೂ ಬದಿಗೆ ಬಳಿಯುತ್ತಾರೆ. ಒಣಗಿದ ಮೇಲೆ ಹಿಂದೆ ಮುಂದೆ ಮಡಚಿ, ಬಳಪದಿಂದ ಬರೆಯುತ್ತಾರೆ. ಕಪ್ಪಿನ ಮೇಲೆ ಬಿಳಿ ಅಕ್ಷರ.

ಮಕ್ಕಳು ಹಳೆಯ ಪಂಚೆಯೊಂದನ್ನು ತಂದರು. ಹುಣಸೆ ಬೀಜ ಹುರಿದು, ಸಿಪ್ಪೆ ತೆಗೆದು, ನೆನೆಸಿ, ರುಬ್ಬಿ ಕುದಿಸಿದರು. ಮೊದಲ ಸಲ ಸರಿ ತೆಳುವಾಗಿ ಬಟ್ಟೆ ಬರೀ ಬೂದು ಬಣ್ಣಕ್ಕೆ ತಿರುಗಿತು. ಎರಡನೇ ಸಲ ದಪ್ಪವಾಗಿ ಒಣಗಿದ ಮೇಲೆ ಮಡಿಕೆಯಲ್ಲಿ ಬಿರುಕು ಬಿಟ್ಟಿತು. ತೆಳ್ಳಗೆ ಬಳಿದು, ಒಣಗಿಸಿ, ಮತ್ತೆ ಬಳಿದು, ಲೋಟದ ತಳದಿಂದ ಉಜ್ಜಿ ನಯ ಮಾಡಿದ ಮೇಲೆ ಹದಕ್ಕೆ ಬಂತು. ಬಳಪ ಎಳೆದಾಗ ಗೆರೆ ನಿಂತಿತು. ಅವತ್ತು ಆ ಮಕ್ಕಳ ಮುಖ ನೀವು ನೋಡಬೇಕಿತ್ತು. ಮೊಣಕೈವರೆಗೂ ಮಸಿ. ಬೇಲೂರು ಹಳೇಬೀಡಿನ ಗೊಂಬೆಗಳನ್ನು ಕೆತ್ತಿದ್ದೂ ಬಳಪದ ಕಲ್ಲಿನಲ್ಲೇ ಎಂದು ಹೇಳಿದಾಗ ಒಬ್ಬ ಹುಡುಗ ಕೈಯಲ್ಲಿದ್ದ ತುಂಡನ್ನು ತಿರುಗಿಸಿ ತಿರುಗಿಸಿ ನೋಡಿದ. ಗಣಿಯಿಂದ ತೆಗೆದಾಗ ಮೆತ್ತಗಿರುವ ಕಲ್ಲು ಅದು, ಗಾಳಿಗೆ ಬಿದ್ದ ಮೇಲೆ ಗಟ್ಟಿಯಾಗುತ್ತದೆ. ಅಷ್ಟು ಸಣ್ಣ ಕೆತ್ತನೆ ಸಾಧ್ಯವಾದದ್ದು ಅದರಿಂದಲೇ.

ಕಡತದ ಒಂಬತ್ತನೇ ಮಡಿಕೆ ಖಾಲಿ ಇದೆ. ಹಳೆಯ ಪುಸ್ತಕ ಅಂದ ಮೇಲೆ ಏನಾದರೂ ಕಳೆದುಹೋಗಿರಬೇಕು, ಅಲ್ಲಿ ಏನಿತ್ತು ಎಂದು ಓದುವವರು ಯೋಚಿಸಬೇಕು ಎಂಬುದು ಮಕ್ಕಳ ವಾದ. ‘ಅಲ್ಲಿ ಏನೋ ಗುಟ್ಟಾಗಿ ಬರೆದು ಅಳಿಸಿದ್ದಾರೆ’ ಎಂದು ಪ್ರದರ್ಶನದ ದಿನ ಯಾರೋ ಅಂದರಂತೆ. ಅಲ್ಲಿ ಏನೂ ಬರೆದಿರಲಿಲ್ಲ. ನಾನು ನೋಡಿದ್ದೇನೆ.

ಇನ್ನು ‘ಇದರಿಂದ ಮಾರ್ಕ್ಸ್ ಬರುತ್ತಾ?’ ಎನ್ನುವ ಪೋಷಕರಿಗೆ. ಎಸ್ಸೆಸ್ಸೆಲ್ಸಿ ಹತ್ತಿರ ಬರುತ್ತಿರುವಾಗ ನಿಮ್ಮ ಚಿಂತೆ ನನಗೆ ಅರ್ಥವಾಗುತ್ತದೆ. ಕಡತದ ಕೊನೆಯ ಮಡಿಕೆಯ ಕಥೆ ಕೇಳಿ.

ಕೊನೆಯ ಮಡಿಕೆಯನ್ನು ಯಾವಾಗಲೂ ತೆರೆಯುವಂತಿಲ್ಲ. ‘ನೆರಳು ಕಾಲ ಕೆಳಗೆ ಸೇರಿಕೊಂಡ ಹೊತ್ತಿನಲ್ಲಿ ಮಾತ್ರ’ ಎಂದು ಬಿಸಿಲಜ್ಜಿ ಕಟ್ಟು ಮಾಡಿದ್ದಾಳೆ. ಹುಡುಗನೊಬ್ಬ ಸುಮ್ನೆ ಚೆನ್ನಾಗಿರುತ್ತದೆ ಅಂತ ಬರೆದ ಸಾಲು ಅದು. ‘ಹಾಗಾಗುವುದು ಯಾವಾಗ?’ ಎಂದು ಕೇಳಿದೆ. ‘ದಿನಾ ಮಧ್ಯಾಹ್ನ 12ಕ್ಕೆ’ ಎಂದರು ಎಲ್ಲರೂ. ಅಂಗಳದಲ್ಲಿ ಕೋಲು ನೆಟ್ಟರು. 12 ಗಂಟೆಗೆ ನೆರಳು ಇತ್ತು. 12 ದಾಟಿದ ಮೇಲೂ ಇನ್ನಷ್ಟು ಚಿಕ್ಕದಾಗುತ್ತಾ ಹೋಯಿತು. ಅಲ್ಲಿಂದ ಶುರುವಾಯಿತು ನಿಜವಾದ ಪಾಠ. ನಮ್ಮ ಗಡಿಯಾರ ತೋರಿಸುವುದು ದೇಶಕ್ಕೆಲ್ಲ ಒಂದೇ ಆದ ಸಮಯ, 82.5 ಡಿಗ್ರಿ ಪೂರ್ವ ರೇಖಾಂಶದ್ದು. ಚಿಕ್ಕಮಗಳೂರು ಅದಕ್ಕಿಂತ ಸುಮಾರು 6.7 ಡಿಗ್ರಿ ಪಶ್ಚಿಮಕ್ಕಿದೆ. ಒಂದು ಡಿಗ್ರಿಗೆ 4 ನಿಮಿಷ. ಅಂದರೆ ಸೂರ್ಯ ನಮ್ಮ ನೆತ್ತಿಯ ಸಾಲಿಗೆ ಬರುವುದು ಸುಮಾರು 27 ನಿಮಿಷ ತಡವಾಗಿ. ಭೂಮಿ ಸೂರ್ಯನನ್ನು ಸುತ್ತುವ ವೇಗ ವರ್ಷವಿಡೀ ಒಂದೇ ಇರುವುದಿಲ್ಲ, ಅದರ ಅಕ್ಷವೂ ಓರೆ. ಹಾಗಾಗಿ ಇದರಲ್ಲೂ ಕೆಲವು ನಿಮಿಷ ಹೆಚ್ಚು ಕಮ್ಮಿ ಆಗುತ್ತದೆ. ಈ ಲೆಕ್ಕವನ್ನು ಮಕ್ಕಳೇ ಮಾಡಿದರು. ನಾನು ಗೋಳ ತಂದಿಟ್ಟೆ, ಅಷ್ಟೆ.

ಆದರೂ ನೆರಳು ಪೂರ್ತಿ ಮಾಯವಾಗಲಿಲ್ಲ. ನಾವಿರುವುದು ಉತ್ತರ ಅಕ್ಷಾಂಶ 13 ಡಿಗ್ರಿಯ ಸ್ವಲ್ಪ ಮೇಲೆ. ಸೂರ್ಯ ನೇರವಾಗಿ ನೆತ್ತಿಯ ಮೇಲೆ ಬರುವುದು ವರ್ಷಕ್ಕೆ ಎರಡೇ ದಿನ. ಒಂದು ಏಪ್ರಿಲ್ 25ರ ಆಸುಪಾಸು, ಇನ್ನೊಂದು ಆಗಸ್ಟ್ 17ರ ಆಸುಪಾಸು. ಆಗಸ್ಟ್‌ನಲ್ಲಿ ನಮ್ಮ ಕಡೆ ಸೂರ್ಯನನ್ನು ಕಂಡವರು ಯಾರು? ಹಾಗಾಗಿ ಆ ದಿನ ತೊಯ್ನಾಡಿನ ಮೋಡ ಕಡತದ ಓದನ್ನು ನುಂಗಿಹಾಕುತ್ತದೆ ಎಂದು ಮಕ್ಕಳು ಕಥೆಗೆ ಸೇರಿಸಿದರು. ಉಳಿದದ್ದು ವರ್ಷಕ್ಕೆ ಒಂದೇ ಹೊತ್ತು. ಅಕ್ಷಾಂಶ, ರೇಖಾಂಶ ಅಂದರೆ ಆಕಳಿಸುತ್ತಿದ್ದ ಮಕ್ಕಳು ಇವರೇ.

ಏಳನೇ ಮಡಿಕೆಗೂ ಹೀಗೇ ಒಂದು ಹಿನ್ನೆಲೆ ಇದೆ. ಅಲ್ಲಿ ಬಾನಿನಲ್ಲಿ ನಿಂತ ಕಾವಲು ಹಕ್ಕಿಗಳು ಬಿಸಿಲು ತಿಂದು ಬದುಕುತ್ತವೆ. ವರ್ಷದಲ್ಲಿ ಎರಡು ಕಾಲ ಅವಕ್ಕೆ ರಾತ್ರಿ ನೆರಳು ಬಡಿಯುತ್ತದೆ. ಆಗ ರೆಕ್ಕೆಯೊಳಗೆ ಕೂಡಿಟ್ಟ ಬಿಸಿಲನ್ನೇ ನಂಬಬೇಕು. ಹಾಸನದಲ್ಲಿ ಇಸ್ರೋದ ಮುಖ್ಯ ನಿಯಂತ್ರಣ ಕೇಂದ್ರ ಇದೆ, 1982ರಿಂದ. ಸುಮಾರು 36,000 ಕಿಲೋಮೀಟರ್ ಎತ್ತರದಲ್ಲಿ ಸುತ್ತುತ್ತಾ ಭೂಮಿಗೆ ನಿಂತಲ್ಲೇ ನಿಂತಂತೆ ಕಾಣುವ ಉಪಗ್ರಹಗಳನ್ನು ಅಲ್ಲಿಂದ ನೋಡಿಕೊಳ್ಳುತ್ತಾರೆ. ಮಾರ್ಚ್ ಮತ್ತು ಸೆಪ್ಟೆಂಬರ್‌ನ ವಿಷುವದ, ಅಂದರೆ ಹಗಲು ರಾತ್ರಿ ಸಮನಾಗುವ ದಿನದ, ಆಚೀಚೆ ಆ ಉಪಗ್ರಹಗಳು ದಿನಾ ಸ್ವಲ್ಪ ಹೊತ್ತು ಭೂಮಿಯ ನೆರಳಿಗೆ ಸಿಕ್ಕುತ್ತವೆ. ಹೆಚ್ಚೆಂದರೆ 70 ನಿಮಿಷ ಚಿಲ್ಲರೆ. ಆಗ ಅವು ನಡೆಯುವುದು ಬ್ಯಾಟರಿಯ ಮೇಲೆ. ಇದನ್ನು ಹೇಳಿದ್ದು ನಾನು, ಹಕ್ಕಿ ಮಾಡಿದ್ದು ಅವರು.

ಈಗ ನನ್ನ ಕೋರಿಕೆಗೆ ಬರುತ್ತೇನೆ.

ಪ್ರದರ್ಶನದ ನಂತರ ಆ ಮಕ್ಕಳಲ್ಲಿ ಇಬ್ಬರು ಭಾನುವಾರ ಬರುವುದನ್ನು ನಿಲ್ಲಿಸಿದ್ದಾರೆ. ಒಬ್ಬಳು ಬರುತ್ತಾಳೆ, ಆದರೆ ಬರೆಯುವುದಿಲ್ಲ. ‘ನಾವು ಕೆಟ್ಟದ್ದು ಮಾಡಿದ್ವಾ ಸರ್?’ ಎಂದು ಕೇಳಿದಳು. ಕಣದ ಸಾಲು ಬರೆದವಳು ಅವಳೇ. ಇಲ್ಲ ಎಂದು ನಾನು ಹೇಳಿದೆ. ಆದರೆ ನನ್ನ ಮಾತು ಅವಳಿಗೆ ಸಾಲದು. ಎಲ್ಲರ ಎದುರು ಮೇಜಿನಿಂದ ಎತ್ತಿಸಿದವರೇ ಅದನ್ನು ಹೇಳಬೇಕು.

ಆಡಳಿತ ಮಂಡಳಿಯವರು ಕಡತವನ್ನು ಮಕ್ಕಳ ಕೈಗೆ ವಾಪಸ್ ಕೊಡಲಿ. ಅದಕ್ಕೂ ಮೊದಲು, ಕೊನೆಯ ಮಡಿಕೆ ಬಿಟ್ಟು ಉಳಿದದ್ದನ್ನು ಒಂದು ಸಲ ಪೂರ್ತಿ ಓದಲಿ, ಬಿಡಿಸಿ ಓದಲು ಒಂದು ಗಂಟೆ ಸಾಕು. ಬಳಪದ ಅಕ್ಷರ ಕೈ ತಾಗಿದರೆ ಅಳಿಸಿಹೋಗುತ್ತದೆ, ದಯವಿಟ್ಟು ಅಂಚಿನಲ್ಲಿ ಹಿಡಿಯಿರಿ. ಬೀರುವಿನೊಳಗೆ ತೇವ ಇದ್ದರೆ ಹುಣಸೆ ಸರಿಗೆ ಬೂಷ್ಟು ಬರುತ್ತದೆ, ಹುಳ ಬೀಳುತ್ತದೆ. ಈಗಲೇ ಹೊರಗೆ ತೆಗೆದು ನೆರಳಿನಲ್ಲಿ ಗಾಳಿಗೆ ಹರವಿಸಿ. ಓದಿದ ಮೇಲೆ ನಿಮಗೆ ಒಪ್ಪಿಗೆಯಾಗದ ಸಾಲು ಇದ್ದರೆ ಮಕ್ಕಳನ್ನೇ ಕರೆದು ಕೇಳಿ. ಅವರು ವಾದ ಮಾಡುತ್ತಾರೆ. ನಿಮ್ಮ ಮಾತು ಸರಿ ಅನಿಸಿದರೆ ಒದ್ದೆ ಬಟ್ಟೆಯಲ್ಲಿ ಒರೆಸಿ ಬೇರೆ ಬರೆಯುತ್ತಾರೆ. ಬೇರೆ ಶಾಲೆಗಳವರೂ ಇಂಥ ಪುಸ್ತಕ ಕಣ್ಣಿಗೆ ಬಿದ್ದಾಗ ಎತ್ತಿಡುವ ಮೊದಲು ಬರೆದ ಮಗುವನ್ನು ಪಕ್ಕದಲ್ಲಿ ಕೂರಿಸಿಕೊಂಡು ಓದಿಸಿ ಎಂದು ಕೈಮುಗಿದು ಕೇಳುತ್ತೇನೆ.

ಒಂದು ಅವಸರವೂ ಇದೆ. ಏಪ್ರಿಲ್‌ನಲ್ಲಿ ಬೇಸಿಗೆ ರಜೆ ಶುರುವಾದರೆ ಆ ಬೀರುವಿನ ಬೀಗ ತೆಗೆಯುವುದು ಮೇ ಕೊನೆಗೇ. ಅಷ್ಟರಲ್ಲಿ ನೆರಳಿಲ್ಲದ ದಿನ ಕಳೆದುಹೋಗಿರುತ್ತದೆ. ಆ ದಿನ ಮಧ್ಯಾಹ್ನ 12 ಗಂಟೆ 25 ನಿಮಿಷದ ಹೊತ್ತಿಗೆ ನಮ್ಮ ಅಂಗಳದಲ್ಲಿ ಕೋಲು ನೆಟ್ಟು ಕೊನೆಯ ಮಡಿಕೆ ಓದಬೇಕೆಂದು ಮಕ್ಕಳು ಮೊದಲೇ ತೀರ್ಮಾನ ಮಾಡಿದ್ದಾರೆ. ಅಲ್ಲಿ ಏನು ಬರೆದಿದೆ ಎಂದು ನನಗೂ ತೋರಿಸಿಲ್ಲ. ದೂರು ಕೊಟ್ಟ ಪೋಷಕರೂ, ಮಂಡಳಿಯ ಸದಸ್ಯರೂ ಅವತ್ತು ಬನ್ನಿ. ಟೋಪಿಯೋ ಕೊಡೆಯೋ ತನ್ನಿ, ಆ ಹೊತ್ತಿನಲ್ಲಿ ಬಿಸಿಲು ಜೋರು. ಮಜ್ಜಿಗೆ ನಮ್ಮ ಮನೆಯಲ್ಲಿ ಇರುತ್ತದೆ. ಕಡತ ಮಾತ್ರ ನಿಮ್ಮ ಬೀರುವಿನಿಂದ ಬರಬೇಕು.

ಇಂತಿ ನಿಮ್ಮ,
ಭಾನುವಾರ ಮಕ್ಕಳ ಜೊತೆ ಕೂರುವ ಒಬ್ಬ ನಿವೃತ್ತ ಮೇಷ್ಟ್ರು
ಚಿಕ್ಕಮಗಳೂರು